ಮೂರು ಸಲ ಕೂಗಿದ್ದೆ

ಕೋರ್ಟಿನ ಬಾಗಿಲಲ್ಲಿ ನಿಂತು ಕಕ್ಷಿದಾರರ ಹೆಸರು ಕೂಗುವುದು ನನ್ನ ಕೆಲಸ. ಮೂರು ಸಲ ಕೂಗಿದರೂ ಬಾರದವನು ಗೈರುಹಾಜರು. ದಾವೆ ಹಾಕಿದವನೇ ಬಾರದಿದ್ದರೆ ದಾವೆ ವಜಾ. ಪ್ರತಿವಾದಿ ಬಾರದಿದ್ದರೆ ಅವನನ್ನು ಬಿಟ್ಟೇ ವಿಚಾರಣೆ, ಏಕಪಕ್ಷೀಯ ತೀರ್ಪು. ನನ್ನ ಗಂಟಲು ಗೇಟಿನಾಚೆಯ ಟೀ ಅಂಗಡಿಗೂ ಮುಟ್ಟುತ್ತದೆಂದು ನನಗೆ ಸ್ವಲ್ಪ ಹೆಚ್ಚೇ ಜಂಬವಿತ್ತು.

ಆ ಗಂಟಲು ಬೀಗದಜ್ಜನಿಗೆ ಮಾತ್ರ ಮುಟ್ಟುತ್ತಿರಲಿಲ್ಲ. ಬೀಗ ರಿಪೇರಿ ಮಾಡುವ ಮುದುಕ, ಕಿವಿ ಪೂರಾ ಮಂದ. ನಲವತ್ತು ವರ್ಷ ಕೂತ ಮಳಿಗೆಯಿಂದ ಅವನನ್ನು ಎಬ್ಬಿಸಲು ಮಾಲೀಕ ದಾವೆ ಹಾಕಿದ್ದ. ವಕೀಲರಿಲ್ಲದೆ ತಾನೇ ಬರುತ್ತಿದ್ದ ಅಜ್ಜ ಬಾಗಿಲ ಪಕ್ಕದ ಬೆಂಚಿನಲ್ಲಿ ಕೂತು, ಚೀಲದಿಂದ ಯಾವುದೋ ಹಳೇ ಬೀಗ ತೆಗೆದು ಅರದಿಂದ ಉಜ್ಜುತ್ತಿದ್ದ. ಅವನ ಸರದಿ ಬಂದಾಗ ನಾನು ಕೂಗಿ, ಎರಡು ಹೆಜ್ಜೆ ಹೋಗಿ ಭುಜ ಮುಟ್ಟುತ್ತಿದ್ದೆ. ಅದು ನಮ್ಮಿಬ್ಬರ ಒಪ್ಪಂದ.

ಸಾಕ್ಷಿ ವಿಚಾರಣೆಯ ದಿನ ಬೆಳಿಗ್ಗೆ ಟೀ ಅಂಗಡಿಯಲ್ಲಿ ಗುಮಾಸ್ತರು ನನ್ನ ಗಂಟಲನ್ನು ಹೊಗಳುತ್ತಿದ್ದರು. ಒಬ್ಬ ಅದನ್ನು ಅಲ್ಲೇ ಟೀ ಕುಡಿಯುತ್ತಿದ್ದ ಅಜ್ಜನ ಕಿವಿಗೆ ಬಾಯಿಟ್ಟು ಹೇಳಿದ.

“ಇವನ ಕಾಟದಿಂದ ಪಾರಾದವ್ನು ನಾನೊಬ್ನೇ ಕಣಪ್ಪ,” ಎಂದ ಅಜ್ಜ. “ದೇವ್ರು ಕಿವಿ ಕಿತ್ಕೊಂಡಿದ್ದು ಸುಮ್ನೆ ಅಲ್ಲ.”

ಎಲ್ಲರೂ ಹೊಟ್ಟೆ ಹಿಡಿದುಕೊಂಡು ನಕ್ಕರು. ನನಗೆ ಮೊದಲೇ ಮೂಗಿನ ತುದಿಯಲ್ಲಿ ಕೋಪ. ಅರ್ಧ ಟೀ ಬಿಟ್ಟು ಎದ್ದು ಬಂದೆ.

ಅವನ ಸರದಿ ಬಂತು. ಬೆಂಚಿನ ಕಡೆ ಒಮ್ಮೆ ನೋಡಿದೆ: ಅಜ್ಜ ತಲೆ ತಗ್ಗಿಸಿ ಬೀಗ ಉಜ್ಜುತ್ತಿದ್ದ. ಮುಖ ತಿರುಗಿಸಿ ಮೂರು ಸಲ ಕೂಗಿದೆ, ನಿಯಮದಂತೆ, ಎಂದಿಗಿಂತ ಜೋರಾಗಿ. ಭುಜ ಮುಟ್ಟಲಿಲ್ಲ. ಒಳಗೆ ಹೋಗಿ, ಮೂರು ಸಲ ಕೂಗಿದೆ, ಯಾರೂ ಬರಲಿಲ್ಲ ಎಂದೆ. ಮಾಲೀಕನ ಸಾಕ್ಷಿ ಹತ್ತು ನಿಮಿಷದಲ್ಲಿ ಮುಗಿಯಿತು. ಅಂದೇ ಸಂಜೆ ತೀರ್ಪೂ ಆಯಿತು: ಮಳಿಗೆ ಖಾಲಿ ಮಾಡಬೇಕು.

ಸ್ವಲ್ಪ ಬಿಸಿ ಮುಟ್ಟಲಿ, ಅರ್ಜಿ ಹಾಕಿದರೆ ತೀರ್ಪು ರದ್ದಾಗುತ್ತದೆ ಎಂದುಕೊಂಡಿದ್ದೆ. ಅಜ್ಜ ಅರ್ಜಿ ಹಾಕಿದ. ಅವತ್ತು ಇಲ್ಲೇ ಕೂತಿದ್ದೆ ಎಂದ. ನ್ಯಾಯಾಧೀಶರು ಅವನು ಅಲ್ಲಿದ್ದನೇ ಎಂದು ನನ್ನನ್ನೇ ಕೇಳಿದರು. ಇದ್ದ ಎಂದರೆ, ನೋಡಿಯೂ ಯಾಕೆ ಕರೆತರಲಿಲ್ಲ ಎಂಬುದು ಮುಂದಿನ ಪ್ರಶ್ನೆ. ನನ್ನ ಕೆಲಸ ಕಣ್ಣ ಮುಂದೆ ಬಂತು.

“ನನ್ನ ಕಣ್ಣಿಗೆ ಬೀಳ್ಲಿಲ್ಲ ಸ್ವಾಮಿ,” ಎಂದೆ.

ಅರ್ಜಿ ವಜಾ ಆಯಿತು. ಅಷ್ಟು ಸಣ್ಣ ಮಾತಿಗೆ ಅಷ್ಟು ದೊಡ್ಡ ಸೇಡು ತೀರಿಸಿಕೊಂಡ ನನ್ನ ಬಗ್ಗೆ ನನಗೇ ಹೇಸಿಗೆಯಾಗಿದೆ.

ಮಳಿಗೆ ಬಿಡುವ ದಿನ ಹೋಗಿದ್ದೆ. ಅಜ್ಜ ಅರ, ಸುತ್ತಿಗೆ, ಬೀಗದಕೈ ಗೊಂಚಲುಗಳನ್ನೆಲ್ಲ ಗೋಣಿಚೀಲಕ್ಕೆ ತುಂಬುತ್ತಿದ್ದ. ನನ್ನನ್ನು ಕಂಡು ನಕ್ಕ.

“ನೀನು ಕರ್ದಿರ್ತೀಯ ಮಗಾ. ನಾನೇ ತೂಕಡಿಸಿರ್ಬೇಕು. ವಯಸ್ಸಾಯ್ತಲ್ಲ.”

ಅಷ್ಟು ಹೇಳಿ ಆಚೆ ತಿರುಗಿ ಶಟರ್ ಎಳೆದು, ಬಗ್ಗಿ ಬೀಗ ಹಾಕತೊಡಗಿದ.

“ನೀನು ತೂಕಡಿಸ್ತಿರ್ಲಿಲ್ಲ ಅಜ್ಜ,” ಎಂದೆ ಅವನ ಬೆನ್ನಿಗೆ. “ನಾನು ನೋಡಿದ್ದೆ.”

ಅವನಿಗೆ ಕೇಳಿಸಲಿಲ್ಲ. ಭುಜ ಮುಟ್ಟಿದ್ದರೆ ತಿರುಗುತ್ತಿದ್ದ. ಎತ್ತಿದ ಕೈಯನ್ನು ನಾನೇ ಇಳಿಸಿದೆ.

ಅಜ್ಜ ಬೀಗವನ್ನು ಎರಡು ಸಲ ಜಗ್ಗಿ ನೋಡಿದ. ಆಮೇಲೆ, ಮಾಲೀಕನಿಗೆ ಕೊಟ್ಟುಬಿಡು, ನಂಬಿಕಸ್ಥ ನೀನು ಎಂದು ಬೀಗದಕೈಯನ್ನು ನನ್ನ ಕೈಗಿಟ್ಟ.