ಕಥೆಯ ಕೂಸು, ಮನೆಯ ಕೂಸು

ತರೀಕೆರೆಯ ಅಲಮೇಲಮ್ಮ ಎರಡು ಬಗೆಯ ಪುಸ್ತಕ ಬರೆಯುತ್ತಿದ್ದರು. ಒಂದು, ಪ್ರೇಮದ ಕಾದಂಬರಿ. ಅದು ಕೈಯಿಂದ ಕೈಗೆ ಹೋಗಿ ರಟ್ಟು ಕಿತ್ತುಬರುತ್ತಿತ್ತು. ಇನ್ನೊಂದು, ಬಾಣಂತಿ ಮತ್ತು ಹಸುಗೂಸಿನ ಆರೋಗ್ಯದ ಪುಸ್ತಕ. ಅದನ್ನು ಬಿಡಿಸಿ ನೋಡಿದವರೇ ಇಲ್ಲ. ಪ್ರೀತಿ ಎಂದರೆ ಕಿವಿ ನೆಟ್ಟಗಾಗುತ್ತದೆ, ಆರೋಗ್ಯ ಎಂದರೆ ಆಕಳಿಕೆ ಬರುತ್ತದೆ, ನಮ್ಮ ಜನವೇ ಹೀಗೆ! ಆದರೂ ಅಲಮೇಲಮ್ಮ ಎಲ್ಲಿಗೆ ಹೋದರೂ ಎರಡನ್ನೂ ಚೀಲಕ್ಕೆ ಹಾಕಿಕೊಂಡೇ ಹೋಗುವರು.

ಆ ವರ್ಷ ಅಂತರಘಟ್ಟೆಯ ಹೆಂಗಸರು ಗ್ರಾಮಸೇವಿಕೆಗೆ ದುಂಬಾಲು ಬಿದ್ದು ಅಲಮೇಲಮ್ಮನವರನ್ನು ಕಾದಂಬರಿ ಓದಲು ಕರೆಸಿಕೊಂಡರು. ಹಾಲಮ್ಮನ ಮನೆಯ ಜಗಲಿಯಲ್ಲಿ ಕಡಲೆಕಾಯಿ ಸುಲಿಯುತ್ತಾ ಎಲ್ಲರೂ ಕಾದಂಬರಿಯ ನಾಯಕಿ ಸುಶೀಲೆಯ ಕಥೆ ಕೇಳಲು ಕೂತರು. ಹಾಲಮ್ಮನ ಸೊಸೆ ಕಾಂತಮ್ಮ ತುಂಬು ಬಸುರಿ. ಅವಳ ಮುಖದಲ್ಲಿ ಮಾತ್ರ ಗೆಲುವಿರಲಿಲ್ಲ.

"ಯಾಕಮ್ಮಾ, ಸಪ್ಪಗಿದ್ದೀಯ?" ಎಂದರು ಅಲಮೇಲಮ್ಮ.

"ಮೊದಲಿನ ಎರಡೂ ಉಳೀಲಿಲ್ಲ ಅಮ್ಮಾರೇ," ಎಂದು ಕಾಂತಮ್ಮ ತಲೆ ತಗ್ಗಿಸಿದಳು. "ಚೆನ್ನಾಗೇ ಹುಟ್ಟಿದ್ವು. ವಾರದೊಳಗೆ ಹೋಗ್ಬಿಟ್ವು."

"ನಮ್ಮೂರ ದೇವಿ ಅಂತರಘಟ್ಟಮ್ಮ ಕೊಟ್ಟಿದ್ಲು, ಅವ್ಳೇ ಕರ್ಕೊಂಡ್ಲು," ಎಂದಳು ಹಾಲಮ್ಮ. ಆ ಎರಡು ಹೆರಿಗೆಯನ್ನೂ ಮಾಡಿಸಿದವಳು ಅವಳೇ.

"ಹೊಕ್ಕುಳ ಬಳ್ಳಿ ಯಾತರಲ್ಲಿ ಕೊಯ್ದಿರಿ ಹಾಲಮ್ಮನೋರೇ?" ಎಂದು ಅಲಮೇಲಮ್ಮ ಕೇಳಿದರು.

"ಕುಡ್ಲಲ್ಲಿ. ಮೇಲೆ ಸಗಣಿ ಬೂದಿ ಒತ್ತಿದೆ. ನಮ್ಮತ್ತೆ ಹೇಳ್ಕೊಟ್ಟಿದ್ದು. ಅದೆಲ್ಲಾ ಬುಡಿ, ಕತೆ ಹೇಳಿ. ಸುಶೀಲಂಗೂ ಆ ಹುಡ್ಗಂಗೂ ಮದ್ವೆ ಆಯ್ತಾ?"

ಕೂಸುಗಳು ಯಾಕೆ ಉಳಿಯಲಿಲ್ಲ ಎಂಬುದು ಅಲಮೇಲಮ್ಮನಿಗೆ ಹೊಳೆಯಿತು. ಈಗ ಆರೋಗ್ಯದ ಪುಸ್ತಕ ತೆಗೆದರೆ ಎಲ್ಲರೂ ಎದ್ದು ಹೋಗುತ್ತಾರೆ. ಅವರು ಕಾದಂಬರಿಯನ್ನೇ ತೆರೆದರು. ಆದರೆ ಹೇಳಿದ್ದು ಅದರಲ್ಲಿ ಇಲ್ಲದ ಮಾತು.

"ಮದುವೆಯಾಯಿತು. ಸುಶೀಲೆ ಗಂಡು ಕೂಸು ಹೆತ್ತಳು. ಗಂಡ ಅದರ ಬೆರಳು ಹಿಡಿದು ಕೂತೇ ಇದ್ದ. ಸೂಲಗಿತ್ತಿ ಕುಡುಗೋಲಿನಲ್ಲಿ ಬಳ್ಳಿ ಕೊಯ್ದು ಬೂದಿ ಒತ್ತಿದಳು. ಕೆಲವು ದಿನ ಕಳೆಯಿತು. ಕೂಸು ಮೊಲೆ ಕುಡಿಯದಾಯಿತು. ದವಡೆ ಕಚ್ಚಿಕೊಂಡಿತು. ಮೈ ಬಿಲ್ಲಿನ ಹಾಗೆ ಸೆಟೆಯಿತು..."

ಕಡಲೆಕಾಯಿ ಸುಲಿಯುವ ಸದ್ದು ನಿಂತುಹೋಯಿತು.

"ಹಂಗೇ!" ಎಂದಳು ಹಾಲಮ್ಮ. "ನಮ್ಮವೂ ಹಂಗೇ ಸೆಟ್ಕೊಂಡ್ವು. ಏನಾಗಿತ್ತು ಅಮ್ಮಾರೇ?"

"ಧನುರ್ವಾಯು ಕಣ್ರೀ. ಕುಡುಗೋಲಿನ ಮಣ್ಣು, ಸಗಣಿ ಬೂದಿ, ಎರಡರಲ್ಲೂ ಆ ರೋಗದ ಕ್ರಿಮಿ ಇರುತ್ತೆ. ಹಸಿ ಗಾಯದಿಂದ ಒಳಗೆ ಹೋಗುತ್ತೆ."

ಹಾಲಮ್ಮ ತನ್ನ ಕೈಗಳನ್ನೇ ನೋಡಿಕೊಂಡಳು. "ಈ ಕೈಲೇ ಒತ್ತಿದ್ನಲ್ಲಾ ತಾಯೀ!" ಎಂದು ಗೋಳೋ ಎಂದು ಅತ್ತಳು. ಕಾಂತಮ್ಮ ಮೆಲ್ಲಗೆ ಎದ್ದುಬಂದು ಅತ್ತೆಯ ಪಕ್ಕ ಕೂತಳು.

"ಗೊತ್ತಿಲ್ದೆ ಆಯ್ತು ಕಣತ್ತೆ," ಎಂದಳು.

"ಕತೆ ಬದ್ಲಾಯ್ಸಿ ಅಮ್ಮಾರೇ. ಆ ಕೂಸ್ನ ಉಳಿಸ್ಬುಡಿ," ಎಂದು ಹಾಲಮ್ಮ ಬೇಡಿಕೊಂಡಳು.

"ಕಥೇಲಿರೋ ಕೂಸನ್ನ ನಾನು ಉಳಿಸ್ತೀನಿ ಹಾಲಮ್ಮನೋರೇ. ಈ ಮನೆ ಕೂಸನ್ನ ನೀವೇ ಉಳಿಸ್ಬೇಕು."

ಅಲಮೇಲಮ್ಮ ಚೀಲದಿಂದ ಎರಡನೆಯ ಪುಸ್ತಕ ತೆಗೆದು, ಬಳ್ಳಿಯನ್ನು ಕುದಿಸಿದ ಹೊಸ ಬ್ಲೇಡಿನಲ್ಲಿ ಕೊಯ್ಯಬೇಕು, ಮೇಲೆ ಏನೂ ಹಚ್ಚಬಾರದು ಎಂದು ಓದಿ ಹೇಳಿದರು. ಈ ಸಲ ಯಾರೂ ಆಕಳಿಸಲಿಲ್ಲ.

"ಏನೂ ಹಚ್ದೆ ಇದ್ರೆ ಹೊಕ್ಕುಳು ಒಣಗ್ತದಾ?" ಹಾಲಮ್ಮನಿಗೆ ಇನ್ನೂ ಅನುಮಾನ.

"ತಾನೇ ಒಣಗಿ ಬೀಳುತ್ತೆ. ಏನೂ ಹಚ್ಚದೆ ಇರೋದೇ ಅದಕ್ಕೆ ಔಷಧಿ."

ಕಾಂತಮ್ಮನಿಗೆ ನೋವು ಬಂದ ದಿನ ಗಾಡಿ ಕಟ್ಟಿಸಿ ಅಜ್ಜಂಪುರದಿಂದ ನರ್ಸಮ್ಮನನ್ನು ಕರೆಸಿದವಳು ಹಾಲಮ್ಮನೇ. ಸೋಪಿನಲ್ಲಿ ಕೈ ತೊಳೆದು, ಹೊಸ ಬ್ಲೇಡು, ದಾರ ಎರಡನ್ನೂ ಕುದಿಯುವ ನೀರಿಗೆ ಹಾಕಿದವಳೂ ಅವಳೇ. ಹೆಣ್ಣು ಕೂಸು ಹುಟ್ಟಿತು. ಆ ವಾರವೆಲ್ಲಾ ಅತ್ತೆ ಸೊಸೆ ಇಬ್ಬರೂ ಜೀವ ಬಿಗಿಹಿಡಿದುಕೊಂಡೇ ಇದ್ದರು. ಕೂಸು ಹೊಟ್ಟೆತುಂಬ ಹಾಲು ಕುಡಿಯಿತು.

ಗ್ರಾಮಸೇವಿಕೆ ತರೀಕೆರೆಗೆ ಹೊರಟಾಗ ಹಾಲಮ್ಮ ಅಲಮೇಲಮ್ಮನಿಗೆ ಹೇಳಿಕಳಿಸಿದಳು: "ನಮ್ಮ ಕೂಸು ಹಾಲು ಕುಡೀತಾ ಐತೆ. ಸುಶೀಲನ ಕೂಸೂ ಕುಡೀತಾ ಐತಾ, ಕೇಳ್ಕೊಂಡ್ ಬನ್ನಿ."

ಈ ಕಥೆ ಕೇಳಿದ ಅತ್ತೆಯರೇ, ತಾಯಂದಿರೇ, ನಿಮ್ಮ ಮನೆಯಲ್ಲೂ ಬಸುರಿ ಇದ್ದಾಳಲ್ಲವೇ? ಕುಡುಗೋಲು ಮುಟ್ಟಬೇಡಿ, ಬೂದಿ ಒತ್ತಬೇಡಿ. ಕಥೆಯನ್ನಾದರೆ ತಿದ್ದಿ ಬರೆಯಬಹುದು, ಹೋದ ಕೂಸು ಮರಳಿ ಬಾರದು. ಇವತ್ತೇ ನರ್ಸಮ್ಮನಿಗೆ ಹೇಳಿಕಳಿಸಿ.