ಓಗಿಂಡಿಯೊಳಗೆ ಸಿಕ್ಕಿಬಿದ್ದ ಹೆಸರು

ಎಂಟು ದಿನದಿಂದ ಓಗಿಂಡಿ ಓಗೊಡುತ್ತಿರಲಿಲ್ಲ. ಇವತ್ತು ಮಗಳ ನಾಮಕರಣ, ಹನ್ನೊಂದೂವರೆಗೆ ಮುಹೂರ್ತ. ಬೆಳಗ್ಗೆ ಒಂಬತ್ತಕ್ಕೇ ನಾಗಪುರದ ಅಜನಿಯ ರೈಲ್ವೆ ಕ್ವಾರ್ಟರ್ಸಿನಲ್ಲಿ ಮಧುಸೂದನನ ತಲೆ ಕಾದ ಹಂಚಾಗಿತ್ತು.

ಓಗಿಂಡಿ ಎಂದರೆ ಕಿರಿದಾದ ಕತ್ತಿನ ಹಿತ್ತಾಳೆ ಗಿಂಡಿ, ಅಷ್ಟೇ. ಒಂದೇ ಎರಕದಲ್ಲಿ ಎರಡು ಹೊಯ್ಯುತ್ತಾರೆ. ಒಂದರೊಳಗೆ ಆಡಿದ ಮಾತು, ಅದರ ಜೋಡಿ ಎಷ್ಟು ದೂರವಿದ್ದರೂ ಅದರ ಬಾಯಿಂದ ಹೊರಗೆ ಬರುತ್ತದೆ. ತಂತಿಯಲ್ಲಿ ಮಾತು ಹರಿಸುತ್ತೇವೆಂದು ಹೊರಟ ಜಾಣರು ಈ ಕತೆಯ ಲೋಕದಲ್ಲೂ ಇದ್ದರು, ಅದು ಯಾರ ಕೈಗೂ ಹತ್ತಲಿಲ್ಲ. ಹಾಗಾಗಿ ನಾಗಪುರದಿಂದ ಗದಗಿಗೆ ಮಾತಾಡಬೇಕೆಂದರೆ ಗಿಂಡಿಯೇ ಗತಿ. ಈ ಮನೆಯ ಗಿಂಡಿಯ ಜೋಡಿ ಗದಗಿನಲ್ಲಿ ಮಧುಸೂದನನ ಅಕ್ಕ ಕಾಶಿಬಾಯಿಯ ಹತ್ತಿರವಿತ್ತು.

ಕೂಸಿನ ಕಿವಿಯಲ್ಲಿ ಹೆಸರು ಉಸುರುವ ಹಕ್ಕು ಸೋದರತ್ತೆಯದು. ಅಕ್ಕ ಕಾಲು ಮುರಿದುಕೊಂಡು ಪ್ಲಾಸ್ಟರಿನಲ್ಲಿದ್ದಳು, ಗಿಂಡಿಯೊಳಗಿಂದಲೇ ಉಸುರುತ್ತೇನೆ ಎಂದಿದ್ದಳು. ಯಾವ ಹೆಸರೆಂದು ಮಾತ್ರ ಬಾಯಿ ಬಿಡಲಿಲ್ಲ, ಕೂಸಿಗಿಂತ ಮೊದಲು ಯಾರೂ ಕೇಳಬಾರದಂತೆ. ಆಮೇಲೆ ಒಂದು ದಿನ ಮಧುಸೂದನ, ಬೇಸಿಗೆಯ ಗದ್ದಲ, ರಜೆ ಸಿಗಲಿಲ್ಲ, ನಿನ್ನನ್ನು ನೋಡಲು ಬರಲಾಗುವುದಿಲ್ಲ ಎಂದು ಹೇಳಿದ. ಅಕ್ಕ ಬರೀ ‘ಹೂಂ’ ಅಂದಳು. ಮರುದಿನ ಅವನು, ಹೆಸರು ಸ್ಪಷ್ಟ ಕೇಳಲಿ ಎಂದು, ಗಿಂಡಿಗೆ ಹಳೇ ಪೇಟೆ ಮಹಾಲಿನಲ್ಲಿ ಕಲಾಯಿ ಹಾಕಿಸಿ ತಂದ. ಅವತ್ತಿನಿಂದ ಸದ್ದಿಲ್ಲ.

ತಾಯಿ ತೀರಿದ ಮೇಲೆ ಅವನನ್ನು ಎತ್ತಿ ಆಡಿಸಿದವಳು ಅಕ್ಕ. ಅವಳು ಮುನಿಸಿಕೊಂಡು ಹೆಸರನ್ನೇ ಕೊಡದಿದ್ದರೆ? ಈ ಭಯಕ್ಕೆ ಅವನಿಗೆ ಗೊತ್ತಿದ್ದ ಮದ್ದು ಒಂದೇ, ಸಿಟ್ಟು.

“ಅಳಿಯಂದ್ರೇ, ಇನ್ನೊಂದ್ಸಲ ಮೆತ್ತಗೆ ಕರೀರಿ. ಗದರಿದ್ರೆ ಯಾರು ತಾನೆ ಓ ಅಂತಾರೆ?” ಎಂದರು ಅತ್ತೆ ರಾಜಮ್ಮ. ಬಾಣಂತನಕ್ಕೆಂದು ಮೈಸೂರಿನಿಂದ ಬಂದಿದ್ದ ಅವರು ಪ್ರತಿ ಲೋಟ ಕಾಫಿಗೂ ಒಂದು ಬುದ್ಧಿಮಾತು ಬೆರೆಸಿಯೇ ಕೊಡುತ್ತಿದ್ದರು.

“ಮೆತ್ತಗ ಕರದೇನ್ರಿ, ಜೋರಿಲೇ ಕರದೇನಿ. ಇನ್ನ ಹಾಡಿ ಕರೀಬೇಕೇನು?” ಎಂದು ಮಧುಸೂದನ ಗಿಂಡಿ ಎತ್ತಿಕೊಂಡ. ಅದರ ಮೈತುಂಬ ಇರುವೆ. ಎಂಟು ದಿನದಿಂದ ಇವುಗಳ ಕಾಟ ಬೇರೆ. ಲಾಡು ಕಟ್ಟುವ ಮನೆ, ಬರದೆ ಏನು ಮಾಡುತ್ತವೆ ಎಂದು ಒರೆಸಿ ಒರೆಸಿ ಸಾಕಾಗಿತ್ತು. ಕೆಡಿಸಿದವನು ಕಲಾಯಿಯವನೇ ಎಂದು ಗಿಂಡಿ ಹಿಡಿದು ಸ್ಕೂಟರು ಹತ್ತಿದ.

ಮಹಾಲಿನ ಗಲ್ಲಿಗಳಲ್ಲಿ ಸ್ಕೂಟರು ಹೋಗಬೇಕೆಂದರೆ ಎದುರಿನ ಸ್ಕೂಟರಿನವನಿಗೆ ದಯೆ ಬರಬೇಕು. ಇವತ್ತು ಯಾರಿಗೂ ಬರಲಿಲ್ಲ. ಕಲಾಯಿ ಅಂಗಡಿ ಮುಟ್ಟಿದಾಗ ಹನ್ನೊಂದು ದಾಟಿತ್ತು.

ಕಲಾಯಿಯ ಅಮೇಯ ಗಿಂಡಿಯನ್ನು ಬೆರಳಿನಿಂದ ತಟ್ಟಿ, “ಕಲಾಯಿ ಬರೋಬರ್ ಆಹೇ ಸಾಹೇಬ್” ಎಂದ. ಕಲಾಯಿ ಸರಿಯಾಗಿಯೇ ಇದೆಯಂತೆ.

ಕುಣಿಯಲಾರದವಳು ನೆಲ ಡೊಂಕು ಅಂದಳಂತೆ, ಇವನು ನೆಲ ಸರಿಯಿದೆ ಅನ್ನುತ್ತಾನೆ, ಕುಣಿತವೂ ಸರಿಯಿದೆ ಅನ್ನುತ್ತಾನೆ, ಹಾಗಾದರೆ ಹಾಳಾದದ್ದು ಯಾವುದು? ಮಧುಸೂದನ ತನಗೆ ಬರುವ ಹಿಂದಿ, ಮರಾಠಿ ಎರಡನ್ನೂ ಖರ್ಚು ಮಾಡಿ ಬೈದ. ಅಮೇಯ ಕೇಳುತ್ತ ಕೂತವನು ತಟ್ಟನೆ ಕಿವಿ ಉಜ್ಜಿಕೊಂಡ. ಗಿಂಡಿಯಿಂದ ಹೊರಟ ಇರುವೆಯೊಂದು ಅವನ ತೋಳು ಹತ್ತಿ ಕಿವಿಯವರೆಗೆ ಹೋಗಿತ್ತು.

“ತುಮ್ಚೀ ಮುಂಗೀ ಕಾನಡೀ ಬೋಲತೇ” ಎಂದ ಅಮೇಯ. ನಿಮ್ಮ ಇರುವೆ ಕನ್ನಡ ಮಾತಾಡುತ್ತದೆ.

ಮಧುಸೂದನ ಒಂದು ಇರುವೆಯನ್ನು ಬೆರಳ ತುದಿಗೆ ಹತ್ತಿಸಿಕೊಂಡು ಕಿವಿಗೆ ಹಿಡಿದ. ನೂಲಿನಷ್ಟು ಸಣ್ಣ ದನಿ, ಅಕ್ಕನದೇ: “ಮದ್ದೂ.” ಮುಂದಿನದು: “ಉಂಡೀಯೇನೋ.” ಅದರ ಹಿಂದಿನದು ಬರೀ ನಿಟ್ಟುಸಿರು ಹೊತ್ತಿತ್ತು.

ಗಿಂಡಿಯೊಳಗೆ ಏನು ಹಾಕಿದ್ದೀರಿ ಎಂದು ಅಮೇಯ ಕೇಳಿದ. ನಾನೇನು ಹಾಕಲಿ ಎನ್ನಲು ಬಾಯಿ ತೆರೆದಾಗ ಮಧುಸೂದನನಿಗೆ ನೆನಪಾಯಿತು. ಕಲಾಯಿ ಹಾಕಿಸಿದ ದಿನ ಗಿಂಡಿ ಇಸಿದುಕೊಂಡವನು ಪಕ್ಕದ ಕಿರಾಣಿಯಲ್ಲಿ ಒಂದು ಚೂರು ಬೆಲ್ಲ ಕೊಂಡು ಅದರೊಳಗೆ ಹಾಕಿದ್ದ. ಖಾಲಿ ಪಾತ್ರೆ ಮನೆಯೊಳಗೆ ತರಬಾರದು, ಚಿಕ್ಕಂದಿನಿಂದ ಅಕ್ಕ ಹೇಳಿಕೊಟ್ಟ ಪಾಠ. ಮನೆಗೆ ಬಂದು ತೆಗೆಯಬೇಕು ಅನ್ನುವಷ್ಟರಲ್ಲಿ ಕೂಸು ಅತ್ತಿತ್ತು, ಮರೆತೇ ಹೋಗಿತ್ತು. ನಾಗಪುರದ ಮೇ ತಿಂಗಳು, ಬೆಲ್ಲ ಕರಗಿ ತಳ ಹಿಡಿದು ಕೂತಿದೆ. ಬಂದ ಮಾತೆಲ್ಲ ಅದಕ್ಕೆ ಅಂಟಿಕೊಂಡಿದೆ, ಇವನು ಕೂಗಿದ್ದೂ ಅಲ್ಲೇ ಅಂಟಿದೆ. ಕಲಾಯಿಯವನನ್ನು, ಅತ್ತೆಯನ್ನು, ಇರುವೆಯನ್ನು, ಮನಸ್ಸಿನಲ್ಲೇ ಅಕ್ಕನನ್ನೂ ಬೈದಾಗಿತ್ತು. ಇನ್ನು ಬೈಯಲು ಉಳಿದವನು ತಾನೊಬ್ಬನೇ.

ಇಲ್ಲೇ ಕಾಯಿಸಿ ಕರಗಿಸುತ್ತೇನೆ ಎಂದು ಅಮೇಯ ಇಕ್ಕಳ ಎತ್ತಿಕೊಂಡ. ಅಂಗಡಿಯ ಗಡಿಯಾರ ಆಗಲೇ ಹನ್ನೊಂದೂವರೆ ದಾಟಿತ್ತು. ಅಕ್ಕ ಹೇಳುವವಳಾಗಿದ್ದರೆ ಹೆಸರು ಹೇಳಿಯಾಗಿದೆ. ಇಲ್ಲಿ ಕರಗಿಸಿದರೆ ಕೂಸಿಗಿಂತ ಮೊದಲು ಮಹಾಲಿನ ಸ್ಕೂಟರುಗಳಿಗೆ ಕೇಳಿಸುತ್ತದೆ. ಮಧುಸೂದನ ಗಿಂಡಿಯ ಬಾಯಿಗೆ ಒದ್ದೆ ಬಟ್ಟೆ ಬಿಗಿದುಕೊಂಡು ಮನೆಗೆ ಹೊರಟ.

“ಮುಹೂರ್ತ ಹೋಯ್ತು” ಎಂದಳು ಹೆಂಡತಿ ರಾಗಿಣಿ, ಕೂಸನ್ನೆತ್ತಿಕೊಂಡು ಬಾಗಿಲಲ್ಲೇ ನಿಂತು.

“ಬಿಸಿನೀರ ಕೊಡು. ಜಲ್ದಿ.”

ಗಿಂಡಿಯನ್ನು ಬೋಗುಣಿಯ ಬಿಸಿನೀರಿನಲ್ಲಿ ಇಟ್ಟು, ಬೆಲ್ಲ ಮೆತ್ತಗಾದ ಮೇಲೆ ಒರೆಸಿ, ರಾಗಿಣಿ ಅದರ ಬಾಯನ್ನು ಕೂಸಿನ ಕಿವಿಯ ಹತ್ತಿರ ಹಿಡಿದಳು. ಕಡೆಗೆ ಬಂದ ಮಾತು ಮೇಲಿರಬೇಕಲ್ಲ, ಅದೇ ಮೊದಲು ಬಿಟ್ಟಿತು. ಕುರ್‌ರ್ ಎಂದು ಹೆಸರಿಡುವಾಗಿನ ವಾಡಿಕೆಯ ಸದ್ದು, ಆಮೇಲೆ ಒಂದು ಪಿಸುಮಾತು. ಕೈಕಾಲು ಆಡಿಸುತ್ತಿದ್ದ ಕೂಸು ಸುಮ್ಮನಾಗಿ ಕಣ್ಣರಳಿಸಿತು. ಹೆಸರು ಬೇರೆ ಯಾರಿಗೂ ಕೇಳಿಸಲಿಲ್ಲ.

ಗಿಂಡಿಯನ್ನು ಮತ್ತೆ ಬಿಸಿನೀರಿಗೆ ಇಟ್ಟರು. ನಿನ್ನೆಯದು, ಮೊನ್ನೆಯದು, ಅದರ ಹಿಂದಿನದು, ಒಂದೊಂದೇ ಪದರ ಬಿಟ್ಟುಕೊಳ್ಳತೊಡಗಿತು.

“ಮದ್ದೂ, ನಾ ಬರೇ ಹೂಂ ಅಂದೆ ಅಂತ ಸಿಟ್ಟಾಗೀಯೇನೋ? ಬಾಯಾಗ ಜ್ವರದ ಕಡ್ಡಿ ಇಟ್ಟಿದ್ರೋ. ರಜಾ ಸಿಗದಿದ್ರ ನೀ ಏನ್ ಮಾಡ್ತಿ? ನೀ ಬರದಿದ್ರೂ ನನ್ನ ಎಲುಬು ಕೂಡತೈತಿ. ಮಾತ ಬಿಡಬ್ಯಾಡ ಅಷ್ಟ.”

ಮಧುಸೂದನ ಬೋಗುಣಿಯ ಪಕ್ಕ ನೆಲದ ಮೇಲೆ ಕೂತುಬಿಟ್ಟ. ಕಣ್ಣು ತುಂಬಿ ಬಂದವು. ರಾಜಮ್ಮ ಕಾಫಿ ತಂದು ಮುಂದಿಟ್ಟರು, ಬುದ್ಧಿಮಾತು ಬೆರೆಸಲಿಲ್ಲ.

ತಳದಲ್ಲಿದ್ದದ್ದು ಕೊನೆಗೆ ಬಿಟ್ಟಿತು, ಎಂಟು ದಿನದ ಹಿಂದಿನ ಸಂಜೆಯ ಮಾತು: “ಕಲಾಯಿ ಆತೇನೋ? ಗಿಂಡಿ ಖಾಲಿ ತರಲಿಲ್ಲ ಹೌದಿಲ್ಲೋ?”

ಮಧುಸೂದನ ಗಿಂಡಿಯನ್ನು ತೊಳೆದು, ಬಾಯಿಗೆ ಬಾಯಿಟ್ಟು, “ಇಲ್ಲಕ್ಕಾ, ಖಾಲಿ ತರಲಿಲ್ಲ” ಎಂದ.

“ಓ” ಎಂದಿತು ಗಿಂಡಿ ಆ ಕ್ಷಣವೇ. ಗದಗಿನಲ್ಲಿ ಅಕ್ಕ ಗಿಂಡಿಯ ಮುಂದೆಯೇ ಕೂತಿದ್ದಳು. “ಅದಿರಲಿ. ಶ್ರೀರಕ್ಷಾ ಮಲಗ್ಯಾಳೇನು?”