ಮಠಕ್ಕ ಕೊಟ್ಟ ಹಂಚು

ನಮ್ಮವರ ಹಟ ಎಂಥಾದ್ದಂತ ಹೇಳತೇನಿ, ಕೇಳ್ರಿ. ಖಾನಾಪುರದಾಗ ನಮ್ಮದೊಂದು ಹಂಚಿನ ಭಟ್ಟಿ ಐತಿ. ವರ್ಷದ ಮೊದಲ ಭಟ್ಟಿಯ ಹಂಚು ಮಠಕ್ಕ ಪುಕ್ಕಟ ಕೊಡೂದು ಮಾವನವರ ಕಾಲದ ಪದ್ಧತಿ. ದಾಸೋಹಕ್ಕ ಕೊಟ್ಟಿದ್ದು ವಹಿಯಾಗ ಬರಿಯಬಾರದಂತ, ಬರದರ ಪುಣ್ಯ ಕರಗತದಂತ. ಎಪ್ಪತ್ತೇಳರಾಗ ಮಾರಾಟ ತೆರಿಗಿ ಸಾಹೇಬ ಬಂದು ಸುಟ್ಟ ಕಟಗಿ ಮ್ಯಾಲೆ ಹಂಚಿನ ಲೆಕ್ಕ ಹಾಕಿದ. "ಐದು ವರ್ಷದಾಗ ಇಪ್ಪತ್ತು ಸಾವಿರ ಹಂಚು ಬಿಲ್ಲಿಲ್ಲದ ಮಾರೀರಿ" ಅಂತ ತೆರಿಗಿ ಹಾಕಿದ, ಮ್ಯಾಲೆ ದಂಡಾನೂ ಹಾಕಿದ.

"ಕೊಟ್ಟೇನಿ, ಮಾರಿಲ್ಲ" ಅಂತ ಇವರು ಕೋರ್ಟಿಗೆ ಹೋದರು. ಒಂಬತ್ತು ವರ್ಷ ಬೆಳಗಾಂವಿಗೆ ಅಡ್ಡಾಡಿದ್ದ ಬಂತು. ತಾರೀಖಿಗೊಮ್ಮೆ ನಾ ರೊಟ್ಟಿ ಕಟ್ಟಬೇಕು, ಇವರು ಬರಿಗೈಲೆ ಬರಬೇಕು. ಹಂಚು ಮೊದಲಿಂದು ಮಠಕ್ಕ, ಉಳಿದದ್ದು ಗಿರಾಕಿಗೆ, ನಮ್ಮ ಮನಿ ಮ್ಯಾಲೆ ಮಾತ್ರ ತಗಡು. ಮಳಿಗಾಲದಾಗ ಸೋರೋ ಕಡೆಲ್ಲಾ ಪಾತ್ರಿ ಇಟಗೊಂತ ಕುಂಡ್ರತೇನಿ ನಾನು.

ಎಂಬತ್ತಾರರಾಗ ಸರಕಾರ ಮಾಫಿ ತಂತು. ಕೇಸು ಹಿಂದಕ್ಕ ತಗೊಂಡು ಮೂಲ ತೆರಿಗಿ ಕಟ್ಟಿದರ ದಂಡ, ಬಡ್ಡಿ ಎರಡೂ ಬಿಡ್ತಾರ. ಕೇಸು ಸೋತರ ಭಟ್ಟಿನ ಹರಾಜು. ನಮ್ಮ ವಕೀಲರು, ಅವಧೂತ ಅನ್ನೋರು, ಮಾಫಿ ತಗೊಳ್ರಿ ಅಂತ ಮೂರು ಸಲ ಚೀಟಿ ಕಳಸಿದರು. ಇವರು ಓದಿ ಗೂಟಕ್ಕ ಸಿಗಿಸಿದರು. ನನ್ನ ತಲಿ ಕೆಟ್ಟು ಹೋತು. ಮಾಫಿಯ ಕಡೇ ದಿನ "ನೀವು ಬರದಿದ್ರ ನಾ ಒಬ್ಬಾಕಿನ ಹೋಗಿ ಹೆಬ್ಬೆಟ್ಟು ಒತ್ತತೇನಿ" ಅಂದೆ. ಇವರು ಅಂಗಿ ಹಾಕ್ಕೊಂಡರು.

ಬೆಳಗಾಂವಿಯಾಗ ಕೇಸು ಹಿಂದಕ್ಕ ತಗೊಳ್ಳೋ ಅರ್ಜಿಗೆ ಸಹಿ ಮಾಡಿದರು. ಮಾಫಿ ಫಾರ್ಮು ಬಂದಾಗ ತಕರಾರು ಸುರು ಆತು.

"ಹಂಚು ಯಾರಿಗೆ ಮಾರಿದ್ರಿ ಅಂತ ಕೇಳ್ಯಾರ. ಮಠದ ಹೆಸರು ಬರೀಲೇನು, ಗುರುಪಾದಪ್ಪ?" ಅಂದರು ವಕೀಲರು.

"ಮಠಕ್ಕ ನಾ ಮಾರಿಲ್ರಿ" ಅಂತ ಇವರು ಪೆನ್ನು ಕೆಳಗಿಟ್ಟರು.

ನಾಕು ಹೊಡದಿತ್ತು. ಐದಕ್ಕ ಆಫೀಸು ಮುಚ್ಚತದ. ನನಗ ತಡಕೊಳ್ಳಾಕ ಆಗಲಿಲ್ಲ.

"ನನ್ನ ಹೆಸರು ಬರೀರಿ. ರೇಣವ್ವ, ಮನಿ ಹೊದಿಸಾಕ ತಗೊಂಡಾಳ ಅಂತ."

"ಇಪ್ಪತ್ತು ಸಾವಿರ ಹಂಚು ಒಂದ ಮನಿಗೇನ್ರಿ, ತಾಯಿ?"

"ದೊಡ್ಡ ಮನಿ ಐತಿ. ಬರೀರಿ."

ವಕೀಲರು ನಕ್ಕು ಬರದರು. ಇವರು ನನ್ನ ಮಾರಿ ನೋಡಲಾರದ ಸಹಿ ಹಾಕಿದರು. ರೊಕ್ಕ ಕಟ್ಟಿ ಪಾವತಿ ಚೀಟಿ ತಗೊಂಡ್ವಿ. ಭಟ್ಟಿ ಉಳೀತು.

ಬಸ್ಸಿನಾಗ ಇವರು ಪಾವತಿ ಚೀಟಿ ನನ್ನ ಉಡಿಗೆ ಹಾಕಿ ಮಾರಿ ತಿರುವಿದರು. ನನಗ ಮತ್ತ ಸಿಟ್ಟು ನೆತ್ತಿಗೇರಿತು. "ಬರೂ ವರ್ಷದ ಮೊದಲ ಭಟ್ಟಿ ನಮ್ಮ ಮನಿಗೆ. ಸರಕಾರದ ಕಾಗದ ಸುಳ್ಳಾಗಬಾರದಲ್ಲ" ಅಂದೆ.

ಗಣೇಬೈಲ ಊರು ದಾಟಿದ ಮ್ಯಾಲೆ ಇವರು ಕೇಳಿದರು. "ಐದು ವರ್ಷದ ಹಂಚು ನಿನಗ ಮಾರೇನಿ ಅಂತ ಬರದು ಕೊಟ್ಟು ಬಂದೆ. ಅಂದ್ರ ಮಠಕ್ಕ ನಾ ಏನೂ ಕೊಟ್ಟಂಗಾಗಲಿಲ್ಲ, ಹೌದಿಲ್ಲೋ?"

ನಾ ಚೀಟಿ ಮಡಚಿ ಸೆರಗಿನ ಗಂಟಿಗೆ ಕಟ್ಟಿದೆ.

"ಆತು, ಮೊದಲ ಭಟ್ಟಿ ಮಠಕ್ಕ ಹೋಗ್ಲಿ. ತಗಡಿಗೆ ಇನ್ನೊಮ್ಮೆ ಡಾಂಬರ ಬಳದ್ರಾತು. ಆದರ ಈ ಸಲ ವಹಿಯಾಗ ಬರೀರಿ" ಅಂದೆ.

ಇವರು ಹೊರಗ ನೋಡಕೋತ ಕುಂತಿದ್ದರು.

"ಬರಿಯಾಂಗಿಲ್ಲ" ಅಂದರು.